ರುದ್ರಪಾದೆಯ ಮೇಲೆ ಅಬ್ಬಕ್ಕನ ಮಾತು

ಮಳೆಗಾಲ ಮುಗಿದ ಮೇಲೆ ತಂಗಿಯ ಮಗಳ ಜೊತೆ ಮಂಗಳೂರಿನ ಹತ್ತಿರದ ಉಳ್ಳಾಲದ ಸೋಮೇಶ್ವರಕ್ಕೆ ಹೋಗಿದ್ದೆ. ಸೋಮನಾಥನ ದೇವಸ್ಥಾನದ ಪಕ್ಕದಲ್ಲೇ ಕಡಲಿಗೆ ಚಾಚಿಕೊಂಡ ದೊಡ್ಡ ಬಂಡೆಗಳಿವೆ. ಅದೇ ರುದ್ರಪಾದೆ. ಪಾಚಿ ಕಟ್ಟಿದ ಕಡೆ ಕಾಲಿಡದೆ, ಅಲೆಯಿಂದ ದೂರದಲ್ಲೇ ಕುಳಿತೆವು. ಇಲ್ಲಿನ ಅಲೆ ನಂಬುವಂಥದ್ದಲ್ಲ.

ಅವಳಿಗೆ ಶಾಲೆಯಲ್ಲಿ ರಾಣಿ ಅಬ್ಬಕ್ಕನ ಪಾಠ ಆಗಿತ್ತು. "ಮಾವ, ಪೋರ್ಚುಗೀಸರು ಈ ಊರಿಗೇ ಯಾಕೆ ಬಂದ್ರು?" ಎಂದಳು.

ಉತ್ತರದ ಕಡೆ ಕೈ ತೋರಿಸಿದೆ. ಮರಳಿನ ದಂಡೆ ಉಳ್ಳಾಲದತ್ತ ಹೋಗುತ್ತದೆ, ಅದರಾಚೆ ನೇತ್ರಾವತಿ ಕಡಲು ಸೇರುತ್ತದೆ. ಕಾಳುಮೆಣಸು, ಅಕ್ಕಿ ಹಡಗು ಹತ್ತುತ್ತಿದ್ದ ಕರಾವಳಿ ಇದು. ಕಪ್ಪ ಕೊಡಬೇಕು, ವ್ಯಾಪಾರ ತಾವು ಹೇಳಿದಂತೆ ನಡೆಯಬೇಕು ಎನ್ನುವುದು ಪೋರ್ಚುಗೀಸರ ಪಟ್ಟು. ಉಳ್ಳಾಲವನ್ನು ಆಳುತ್ತಿದ್ದ ಚೌಟ ಮನೆತನದ ರಾಣಿ ಅಬ್ಬಕ್ಕ ಒಪ್ಪಲಿಲ್ಲ. 1568ರಲ್ಲಿ ಅವರು ಉಳ್ಳಾಲಕ್ಕೆ ನುಗ್ಗಿದಾಗ ಅಬ್ಬಕ್ಕ ಮಸೀದಿಯೊಂದರಲ್ಲಿ ಆಶ್ರಯ ಪಡೆದು, ಅದೇ ರಾತ್ರಿ ಜನ ಕೂಡಿಸಿ ತಿರುಗಿ ಬಿದ್ದಳು ಎಂದು ಇಲ್ಲಿಯವರು ಈಗಲೂ ಹೇಳುತ್ತಾರೆ. ಅವಳ ಜೊತೆ ನಿಂತವರಲ್ಲಿ ಮೀನುಗಾರ ಮೊಗವೀರರೂ ಕರಾವಳಿಯ ಮುಸ್ಲಿಮರಾದ ಬ್ಯಾರಿಗಳೂ ಇದ್ದರು ಎನ್ನುವ ಮಾತನ್ನು ನಾನು ಬೇಕೆಂದೇ ಒತ್ತಿ ಹೇಳಿದೆ.

ಆದರೆ ನನಗೆ ಕತ್ತಿ ಹಿಡಿದ ಅಬ್ಬಕ್ಕನಿಗಿಂತ ಇನ್ನೊಂದು ಚಿತ್ರ ಜಾಸ್ತಿ ಇಷ್ಟ. 1623ರಲ್ಲಿ ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲಾ ವಾಲ್ಲೆ ಉಳ್ಳಾಲದ ರಾಣಿಯನ್ನು ಕಂಡು ಬರೆದಿಟ್ಟಿದ್ದಾನೆ. ಅವಳು ಕಾಲುವೆ ಅಗೆಯುವ ಕೆಲಸ ನೋಡಲು ಹೋಗಿದ್ದಳಂತೆ. ಬರಿಗಾಲು, ಸಾದಾ ಹತ್ತಿಬಟ್ಟೆ, ಬಿಸಿಲಿಗೆ ತಾಳೆಗರಿಯ ಕೊಡೆ. ನೋಡಿದರೆ ರಾಣಿ ಅನ್ನಿಸಲಿಲ್ಲ, ಮಾತಾಡಿದಾಗಲೇ ಗೊತ್ತಾಯಿತು ಎನ್ನುತ್ತಾನೆ. ಸ್ಪೇನ್ ದೊರೆಯ ಸೈನ್ಯವನ್ನು ಸೋಲಿಸಿದವಳು ಇವಳೇನಾ ಎಂದು ಬೆರಗಾಗುತ್ತಾನೆ. ಪೋರ್ಚುಗಲ್ ಆಗ ಸ್ಪೇನಿನ ದೊರೆಯ ಕೈಯಲ್ಲಿತ್ತು.

"ಹಾಗಾದ್ರೆ ಅಬ್ಬಕ್ಕನಿಗೆ ಆಗ ಎಷ್ಟು ವಯಸ್ಸು?" ಕೂಡಲೇ ಲೆಕ್ಕ ಹಾಕಿದಳು. ಸರಿಯಾದ ಪ್ರಶ್ನೆ ಅಲ್ವಾ? ಪೋರ್ಚುಗೀಸರ ಜೊತೆಗಿನ ಜಗಳ ಶುರುವಾದದ್ದು 1550ರ ದಶಕದಲ್ಲಿ, ಪ್ರವಾಸಿ ಕಂಡ ರಾಣಿಗೆ ನಲವತ್ತರ ಆಸುಪಾಸು. ಅದಕ್ಕೇ ಅಬ್ಬಕ್ಕ ಒಬ್ಬಳಲ್ಲ, ಒಬ್ಬಳಾದ ಮೇಲೆ ಇನ್ನೊಬ್ಬಳು ಆಳಿದ್ದಾಳೆ ಎಂದು ಇತಿಹಾಸಕಾರರು ಹೇಳುತ್ತಾರೆ. ಚೌಟರದು ಅಳಿಯಸಂತಾನ. ಹಕ್ಕು ತಾಯಿಯ ಕಡೆಯಿಂದ ಬರುತ್ತಿತ್ತು, ಹೆಣ್ಣುಮಕ್ಕಳೂ ಪಟ್ಟಕ್ಕೆ ಬರುತ್ತಿದ್ದರು. ಕತೆಯಲ್ಲಿ ಅವರೆಲ್ಲ ಸೇರಿ ಒಬ್ಬಳೇ ಆಗಿಬಿಟ್ಟಿರುವುದು ನನಗೆ ಬೇಸರ. ಒಂದು ಮನೆತನದ ಹೆಂಗಸರು ಸಾಲಾಗಿ ನಿಂತು ಸಾಮ್ರಾಜ್ಯವೊಂದನ್ನು ಎದುರಿಸಿದರು ಎನ್ನುವುದು ಇನ್ನೂ ದೊಡ್ಡ ಸಂಗತಿ.

ಈ ದಡವೂ ಈಗ ಮೊದಲಿನ ಹಾಗಿಲ್ಲ. ಮಳೆಗಾಲ ಬಂದರೆ ಉಳ್ಳಾಲದಲ್ಲಿ ಕಡಲ್ಕೊರೆತ, ಮನೆಗಳು ನೀರುಪಾಲಾಗುತ್ತವೆ. ತಡೆಯಲು ಕಲ್ಲು ಸುರಿಯುತ್ತಲೇ ಇದ್ದಾರೆ.

ಮುಂದಿನ ರಜೆಗೆ ಮೂಡುಬಿದಿರೆಯ ಚೌಟರ ಅರಮನೆಗೆ ಹೋಗೋಣ ಎಂದಿದ್ದೇನೆ. ಒಂಬತ್ತು ಹೆಂಗಸರು ಕೂಡಿ ಆನೆಯಾಗುವ ಕೆತ್ತನೆ ಅಲ್ಲಿನ ಮರದ ಕಂಬದಲ್ಲಿದೆ. ಅದನ್ನು ಅವಳು ನೋಡಲೇಬೇಕು.