ಮಾಸ್ತರ ಕಾರಿನ ಬಾನೆಟ್ಟು, ನಾನು ಮುಚ್ಚಿದ ತೂತುಗಳು

ಬಾನೆಟ್ ಎತ್ತಿ, ಒಳಗೆ ಅಂಟಿಸಿದ್ದ ಫೋಮನ್ನು ಹೆಬ್ಬೆರಳಿನಿಂದ ಒತ್ತಿದೆ. ನೀರು ಬಂತು. ಒಂದೆರಡು ಹನಿ ಅಲ್ಲ, ಮೊಣಕೈವರೆಗೆ ಇಳಿಯಿತು. 2023ರ ಅಕ್ಟೋಬರ್, ಆಯುಧ ಪೂಜೆಗೆ ಎರಡೇ ದಿನ ಬಾಕಿ. ಕುಮಟಾದಲ್ಲಿ ಮಳೆಗಾಲ ಮುಗಿದು ಬಿಸಿಲು ಸುಡುತ್ತಿತ್ತು. ಆದರೂ ಆ ಬಾನೆಟ್ಟಿನೊಳಗೆ ಇನ್ನೂ ಜುಲೈ ತಿಂಗಳೇ ಇತ್ತು. ಒದ್ದೆ ಗೋಣಿಚೀಲದ ವಾಸನೆ ಬೇರೆ.

ಕಾರು ಧಾರೇಶ್ವರದ ಕಡೆಯ ನಿವೃತ್ತ ಮಾಸ್ತರೊಬ್ಬರದು. ಪೂಜೆಗೆ ಮೊದಲು ತೊಳೆಸಿ ಪಾಲಿಶ್ ಹೊಡೆಸಲು ತಂದಿದ್ದರು. ಬಾನೆಟ್ಟಿನ ಮುಂದಿನ ಅಂಚಿನಲ್ಲಿ ಬಣ್ಣ ಗುಳ್ಳೆ ಎದ್ದಿತ್ತು. ತೊಳೆಯುವ ಹುಡುಗ ಉಗುರಿನಿಂದ ಒಂದು ಗುಳ್ಳೆ ಕೆರೆದ. ಚಕ್ಕೆ ಎದ್ದು ಬಂತು, ಕೆಳಗೆ ಕೆಂಪು ತುಕ್ಕು. "ಅಣ್ಣಾ, ಇಲ್ಲಿ ನೋಡು" ಅಂದ. ನೋಡಿದೆ. ಒಂದೂವರೆ ವರ್ಷದ ಹಿಂದೆ ಆ ಫೋಮ್ ಅಂಟಿಸಿದ್ದು ನಾನೇ.

ಮೊದಲು ಆ ವಸ್ತು ಏನು ಅಂತ ಹೇಳಿಬಿಡುತ್ತೇನೆ. ಬಾನೆಟ್ ಎತ್ತಿದಾಗ ಒಳಮೈಗೆ ಕಪ್ಪು ಕಂಬಳಿಯಂಥದ್ದು ಕಾಣುತ್ತದಲ್ಲ, ಅದೇ. ಗ್ಯಾರೇಜಿನಲ್ಲಿ ನಮಗೆ ಅದು ಬಾನೆಟ್ ಮ್ಯಾಟ್. ಕೆಲವು ಗಾಡಿಗಳಲ್ಲಿ ಒಳಗೆ ಗಾಜಿನ ನಾರು, ಮೇಲೆ ತೆಳು ಬಟ್ಟೆ. ಕೆಲವುದರಲ್ಲಿ ಫೋಮ್, ಅದರ ಮೇಲೆ ಅಲ್ಯೂಮಿನಿಯಂ ಹಾಳೆ. ಕಡಿಮೆ ಬೆಲೆಯ ಮಾಡೆಲ್‌ಗಳಲ್ಲಿ ಅದು ಇರುವುದೇ ಇಲ್ಲ, ಬರೀ ತಗಡು. ಎಂಜಿನ್ನಿನ ಕಾವು ಬಾನೆಟ್ಟಿನ ಬಣ್ಣಕ್ಕೆ ನೇರವಾಗಿ ತಾಗದ ಹಾಗೆ ನೋಡಿಕೊಳ್ಳುವುದು, ಸದ್ದನ್ನು ಒಂದಿಷ್ಟು ನುಂಗುವುದು, ಇವೆರಡೇ ಅದರ ಕೆಲಸ.

ಸದ್ದಿನ ವಿಷಯದಲ್ಲಿ ಜನ ಜಾಸ್ತಿ ಆಸೆ ಇಟ್ಟುಕೊಳ್ಳುತ್ತಾರೆ. ಡೀಸೆಲ್ ಎಂಜಿನ್ನಿನ ಟಕಟಕ, ಇಂಜೆಕ್ಟರಿನ ಟಿಕ್ ಟಿಕ್, ಬೆಲ್ಟಿನ ಕೀರಲು, ಇಂಥ ಚೂಪು ಸದ್ದನ್ನು ಮ್ಯಾಟ್ ತಗ್ಗಿಸುತ್ತದೆ. ಗುಂಯ್ ಎನ್ನುವ ದಪ್ಪ ಸದ್ದಿಗೆ ಅದು ಲೆಕ್ಕಕ್ಕೇ ಇಲ್ಲ. ಕಾರಿನೊಳಗೆ ಕೂತವರಿಗೆ ಕೇಳುವ ಸದ್ದು ಡ್ಯಾಶ್‌ಬೋರ್ಡಿನ ಹಿಂದಿನ ಗೋಡೆಯಿಂದ, ಟಯರಿನಿಂದ, ಗಾಳಿಯಿಂದ ಬರುವುದೇ ಹೆಚ್ಚು. ಶಿರಸಿಯಿಂದ ಕೆಎ 31 ನಂಬರಿನ ಗಾಡಿ ತಂದ ಹುಡುಗನೊಬ್ಬ ಹೊಸ ಮ್ಯಾಟ್ ಹಾಕಲೇಬೇಕು ಅಂತ ಹಟ ಹಿಡಿದಿದ್ದ. ಸ್ಟೀರಿಂಗ್ ಹಿಡಿದು ನೋಡಿದರೆ ನಡುಕ. ಎಂಜಿನ್ನನ್ನು ಗಾಡಿಗೆ ಹಿಡಿದಿಡುವ ಎಂಜಿನ್ ಮೌಂಟಿನ ರಬ್ಬರ್ ಹರಿದಿತ್ತು. ಮೌಂಟ್ ಬದಲಿಸಿದೆ, ಮ್ಯಾಟಿನ ಮಾತೇ ಮತ್ತೆ ಬರಲಿಲ್ಲ.

ಮಾಸ್ತರ ಕಥೆ ಬೇರೆ. ಅವರ ಗಾಡಿಯ ಮ್ಯಾಟನ್ನು ಇಲಿ ತಿಂದಿತ್ತು. ತಿಂದಿತ್ತು ಎನ್ನುವುದೂ ಸರಿಯಲ್ಲ, ಕಿತ್ತು ಒಯ್ದು ಬ್ಯಾಟರಿಯ ಪಕ್ಕ ಗೂಡು ಕಟ್ಟಿತ್ತು. ನಮ್ಮ ಕಡೆ ಮಳೆಗಾಲದಲ್ಲಿ ಇದು ಮಾಮೂಲು. ಹೊರಗೆ ಎಲ್ಲಾ ಒದ್ದೆ, ಎಂಜಿನ್ನಿನ ಮೇಲೊಂದೇ ಬೆಚ್ಚಗಿನ ಜಾಗ. ಪಕ್ಕದಲ್ಲಿ ತೆಂಗಿನಕಾಯಿ ರಾಶಿಯೋ ಕೋಳಿಗೂಡೋ ಇದ್ದರಂತೂ ಇಲಿಗೆ ಮನೆಯೂ ಆಯ್ತು, ಊಟವೂ ಆಯ್ತು. ಉಳಿದ ಮ್ಯಾಟಿನ ಚೂರುಗಳು ಜೋತುಬಿದ್ದು ಬೆಲ್ಟಿನ ಹತ್ತಿರ ತೂಗಾಡುತ್ತಿದ್ದವು. ಇನ್ನೊಂದು ಕಡೆ ಎಂಜಿನ್ ಎಣ್ಣೆ ಕುಡಿದು ಕರ್ರಗಾಗಿತ್ತು. ಎಣ್ಣೆ ಕುಡಿದ ಮ್ಯಾಟು ಎಕ್ಸಾಸ್ಟ್ ಪೈಪಿನ ಮೇಲೆ ಬಿದ್ದರೆ ಬೆಂಕಿಗೆ ಬತ್ತಿ ಇಟ್ಟ ಹಾಗೆ. ಅದನ್ನು ತೆಗೆಯಲೇಬೇಕಿತ್ತು.

ಆ ಮಾಡೆಲ್ಲಿನ ಅಸಲಿ ಮ್ಯಾಟ್ ಸಿಗಲಿಲ್ಲ. ರೋಲಿನಲ್ಲಿ ಬರುವ ಫೋಮ್ ತರಿಸಿದೆ. ಒಂದು ಬದಿ ಬೆಳ್ಳಿಹಾಳೆ, ದಪ್ಪ 10 ಮಿಲಿಮೀಟರ್. ಮಾಸ್ತರು ಎದುರು ನಿಂತು ಹೇಳಿದ್ದು ಈಗಲೂ ಕಿವಿಯಲ್ಲಿದೆ: "ತಮ್ಮಾ, ಇನ್ನು ಇಲಿಗೆ ಹಲ್ಲು ಹಾಕಲಿಕ್ಕೆ ಜಾಗ ಸಿಗಬಾರದು. ಒಂದು ಸಂದೂ ಬಿಡಬೇಡ ನೋಡು."

ಬಿಡಲಿಲ್ಲ. ಅಂಚಿನಿಂದ ಅಂಚಿಗೆ ಅಂಟಿಸಿದೆ. ಸುತ್ತ ಅಲ್ಯೂಮಿನಿಯಂ ಟೇಪು ಎಳೆದೆ. ಬಾನೆಟ್ಟಿನ ಒಳಗೆ ಕನ್ನಡಿ ಹಾಕಿದ ಹಾಗೆ ಮಿಂಚುತ್ತಿತ್ತು. ಫೋಟೋ ತೆಗೆದು ಸ್ಟೇಟಸ್‌ಗೂ ಹಾಕಿದ್ದೆ. ಯಾಕೆ ಹಾಕಿದೆನೋ.

ತಪ್ಪು ಎಲ್ಲಿತ್ತು ಗೊತ್ತಾಗಬೇಕಾದರೆ ಬಾನೆಟ್ ಹೇಗೆ ಕಟ್ಟಿರುತ್ತಾರೆ ಅಂತ ನೋಡಬೇಕು. ಅದು ಒಂದು ತಗಡಲ್ಲ, ಎರಡು. ಹೊರಗೆ ನಯವಾದದ್ದು, ಒಳಗೆ ಅಡ್ಡಪಟ್ಟಿ ಉದ್ದಪಟ್ಟಿಗಳಿದ್ದು ಗಟ್ಟಿ ಮಾಡುವಂಥದ್ದು. ಹೊರಗಿನ ತಗಡಿನ ಅಂಚನ್ನು ಒಳಗಿನದರ ಮೇಲೆ ಮಡಚಿ ಒತ್ತಿರುತ್ತಾರೆ, ಸೀರೆಯ ಅಂಚು ಮಡಚಿ ಹೊಲಿದ ಹಾಗೆ. ಎರಡರ ನಡುವೆ ಪೊಳ್ಳು. ಆ ಪೊಳ್ಳಿಗೆ ನೀರು ಹೋಗೇ ಹೋಗುತ್ತದೆ. ಗಾಜು ತೊಳೆಯುವ ನೀರಿನ ನಾಝಲ್ ಸಂದಿನಿಂದ, ಗ್ರಿಲ್ಲಿನಿಂದ ಚಿಮ್ಮಿದ ರಸ್ತೆ ನೀರಿನಿಂದ, ತೊಳೆಯುವ ಪಂಪಿನ ಜೋರಿನಿಂದ. ಅದೂ ಅಲ್ಲದಿದ್ದರೆ ರಾತ್ರಿ ತಣ್ಣಗಾದ ತಗಡಿನ ಮೇಲೆ ಕೂರುವ ಇಬ್ಬನಿಯಿಂದ. ಹಾಗಾಗಿಯೇ ಒಳತಗಡಿನ ಮುಂದಿನ ಅಂಚಿನಲ್ಲಿ ಸಣ್ಣ ಸಣ್ಣ ತೂತು, ಸೀಳು ಬಿಟ್ಟಿರುತ್ತಾರೆ. ಬಂದ ನೀರು ಇಳಿದುಹೋಗಲಿ, ಗಾಳಿ ಆಡಲಿ ಅಂತ.

ಮಾಸ್ತರ ಕಾರಿನಲ್ಲಿ ಅಂಥ ಒಂದೊಂದು ತೂತಿನ ಮೇಲೂ ನನ್ನ ಟೇಪಿತ್ತು.

ಇದರ ಮೇಲೆ ನಾನು ತಂದ ಫೋಮು ಸ್ಪಂಜಿನ ಜಾತಿಯದು. ಫೋಮಿನಲ್ಲಿ ಎರಡು ಬಗೆ. ಒಂದರಲ್ಲಿ ಒಳಗಿನ ಕಣ್ಣುಗಳೆಲ್ಲ ಒಂದಕ್ಕೊಂದು ತೆರೆದಿರುತ್ತವೆ. ಸದ್ದು ಅದರೊಳಗೆ ಹೊಕ್ಕು ಸಾಯುತ್ತದೆ, ಆದರೆ ನೀರೂ ಹೊಕ್ಕು ಕೂರುತ್ತದೆ. ಇನ್ನೊಂದರಲ್ಲಿ ಕಣ್ಣುಗಳು ಮುಚ್ಚಿರುತ್ತವೆ. ಏಸಿ ಪೈಪಿಗೆ ಸುತ್ತುವ ಕಪ್ಪು ನೈಟ್ರೈಲ್ ರಬ್ಬರ್ ಈ ಜಾತಿ. ನೀರು ಕುಡಿಯುವುದಿಲ್ಲ, ಕಾವು ತಡೆಯುತ್ತದೆ, ಆದರೆ ಸದ್ದು ನುಂಗುವುದರಲ್ಲಿ ಹಿಂದೆ. ಬಯಲುಸೀಮೆಯಲ್ಲಿ ಮೊದಲನೆಯದು ಹಾಕಿದರೂ ನಡೆಯಬಹುದು, ಬೇಸಿಗೆ ಬಂದು ಒಣಗಿಸುತ್ತದೆ. ಇಲ್ಲಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ 3000 ಮಿಲಿಮೀಟರಿಗೂ ಜಾಸ್ತಿ ಮಳೆ ಸುರಿಯುವ ಕರಾವಳಿ. ಮಳೆ ಇಲ್ಲದ ದಿನ ಸಮುದ್ರದ ಉಪ್ಪುಗಾಳಿ. ಧಾರೇಶ್ವರದಲ್ಲಿ ಮನೆಯ ಅಂಗಳಕ್ಕೆ ಅಲೆ ಸದ್ದು ಕೇಳುತ್ತದೆ. ಉಪ್ಪು ಬೆರೆತ ಒದ್ದೆ ಸ್ಪಂಜನ್ನು ತಗಡಿಗೆ ಕಟ್ಟಿ ಎರಡು ಮಳೆಗಾಲ ಬಿಟ್ಟರೆ ಇನ್ನೇನಾಗುತ್ತದೆ? ದಿನಾ ಎಂಜಿನ್ನಿನ ಬಿಸಿಯೂ ತಾಗಿ ತುಕ್ಕಿಗೆ ಒಳ್ಳೇ ಕಾವು ಸಿಕ್ಕಿತ್ತು.

ಮಾಸ್ತರಿಗೆ ಹೇಳಲು ಗಂಟಲು ಕಟ್ಟಿತು. ಮಳೆಯ ಮೇಲೆ, ಉಪ್ಪಿನ ಮೇಲೆ ಹಾಕಿ ಜಾರಿಕೊಳ್ಳಬಹುದಿತ್ತು. ನಮ್ಮ ಕಡೆ ಯಾವ ಕಾರಿಗೆ ತುಕ್ಕು ಹಿಡಿಯುವುದಿಲ್ಲ ಹೇಳಿ? ಆದರೆ ಹುಡುಗ ಪಕ್ಕದಲ್ಲೇ ನಿಂತಿದ್ದ, ಅವನ ಕೈಯಲ್ಲೇ ಹಸಿ ಟೇಪು ಇತ್ತು. "ಮಾಸ್ತರೇ, ಇದು ನನ್ನ ಕೆಲಸದಿಂದ ಆದದ್ದು" ಅಂದೆ. ಅವರು ಕನ್ನಡಕ ಏರಿಸಿ ತುಂಬಾ ಹೊತ್ತು ತೂತು ನೋಡಿದರು. ಆಮೇಲೆ, "ಸಂದು ಬಿಡಬೇಡ ಅಂದವ ನಾನೇ ಅಲ್ವಾ. ಅರ್ಧ ಮಾರ್ಕು ನನಗೂ ಕಡಿಮೆ" ಅಂದರು. ಟಿಂಕರಿಂಗ್ ಮತ್ತು ಬಣ್ಣದ ಖರ್ಚು ನಾನೇ ಹಾಕಿಕೊಂಡೆ. ಆ ತಿಂಗಳು ಕೈ ಬಿಗಿಯಾಯಿತು ಎನ್ನುವುದನ್ನು ಮುಚ್ಚಿಡುವುದಿಲ್ಲ.

ಅಂಟು ಕೀಳುವುದಕ್ಕೇ ಒಂದು ದಿನ ಹೋಯಿತು. ಹುಡುಗ ತಂತಿ ಬ್ರಶ್ ಹಿಡಿದು ಬಂದಿದ್ದ, ತಡೆದೆ. ಒಳಗಿನ ಒಳ್ಳೆಯ ಬಣ್ಣವನ್ನೂ ಗೀರಿದರೆ ಪ್ರತಿ ಗೀರೂ ಹೊಸ ತುಕ್ಕು. ಹೀಟ್ ಗನ್ನಿನಿಂದ ಸ್ವಲ್ಪ ಬಿಸಿ ಮಾಡಿ, ಪ್ಲಾಸ್ಟಿಕ್ ಪಟ್ಟಿಯಿಂದ ಎಬ್ಬಿಸಿ, ಉಳಿದದ್ದನ್ನು ಥಿನ್ನರ್ ಅದ್ದಿದ ಬಟ್ಟೆಯಿಂದ ಒರೆಸಿದೆವು. ತುಕ್ಕು ಇದ್ದ ಜಾಗ ಮಾತ್ರ ತಗಡು ಬೆಳ್ಳಗಾಗುವವರೆಗೆ ಉಜ್ಜಿ, ಎಪಾಕ್ಸಿ ಪ್ರೈಮರ್ ಹೊಡೆದು, ಬಣ್ಣ ಕಟ್ಟಿ, ಮಡಚಿದ ಅಂಚಿನ ಒಳಗೆ ಮೇಣದ ಸ್ಪ್ರೇ ಬಿಟ್ಟೆವು. ಅದಕ್ಕೂ ಮೊದಲು ತೂತುಗಳನ್ನೆಲ್ಲ ತೆಳು ತಂತಿ ಹಾಕಿ ತೆರೆದೆ. ಎಣಿಸುತ್ತಾ ತೆರೆದೆ.

ಹೊಸ ಮ್ಯಾಟಿಗೆ ಮುಚ್ಚಿದ ಕಣ್ಣಿನ ಶೀಟೇ ತಂದೆ. ಈ ಸಲ ಬಾನೆಟ್ ಪೂರ್ತಿ ಮುಚ್ಚಲಿಲ್ಲ. ಒಳತಗಡಿನ ಪಟ್ಟಿಗಳ ನಡುವೆ ಕುಳಿಗಳಿರುತ್ತವಲ್ಲ, ಅದರ ಅಳತೆಗೆ ಮಾತ್ರ ರಟ್ಟಿನಲ್ಲಿ ಮಾದರಿ ಕತ್ತರಿಸಿ, ಅದನ್ನಿಟ್ಟು ಶೀಟು ಕತ್ತರಿಸಿದೆ. ಸುತ್ತ ಎರಡು ಬೆರಳು ಜಾಗ ಖಾಲಿ. ಬೆಳ್ಳಿ ಬದಿ ಎಂಜಿನ್ನಿನ ಕಡೆಗೆ. ಅಂಟೇ ಹಾಕಲಿಲ್ಲ. ಮೊದಲಿದ್ದ ಕ್ಲಿಪ್ ತೂತುಗಳಿಗೇ ಹೊಸ ಪ್ಲಾಸ್ಟಿಕ್ ಕ್ಲಿಪ್ ಒತ್ತಿದೆ. ಹಳೆ ಕ್ಲಿಪ್ಪುಗಳು ಕಾವಿಗೆ ಬಿಸ್ಕೀಟಿನ ಹಾಗಾಗಿರುತ್ತವೆ, ತೆಗೆಯುವಾಗ ಅರ್ಧ ಮುರಿಯುವುದು ಖಂಡಿತ. ಹೊಸತನ್ನು ಕೈಯಲ್ಲಿಟ್ಟುಕೊಂಡೇ ಕೆಲಸ ಶುರು ಮಾಡಿ.

ಅಂಟಿನ ಬಗ್ಗೆ ಒಂದು ಮಾತು. ಅಂಟಿಸಲೇಬೇಕಾದ ಗಾಡಿಗಳೂ ಇವೆ. ಶುರುವಿನ ದಿನಗಳಲ್ಲಿ ನಾನು ಚಪ್ಪಲಿಗೆ ಹಾಕುವ ರಬ್ಬರ್ ಅಂಟನ್ನೇ ಬಳಿಯುತ್ತಿದ್ದೆ. ಊರಲ್ಲಿ ಓಡಾಡುವವರೆಗೆ ಸರಿ ಇರುತ್ತಿತ್ತು. ಆದರೆ ಎಂಜಿನ್ ತಣಿಸುವ ಕೂಲೆಂಟ್ ನೀರೇ ಸುಮಾರು 90 ಡಿಗ್ರಿಯಲ್ಲಿ ಓಡುವ ಗಾಡಿಯನ್ನು, ಶಿರಸಿ ದಾರಿಯ ದೇವಿಮನೆ ಘಟ್ಟಕ್ಕೆ ಸೆಕೆಂಡ್ ಗೇರಿನಲ್ಲಿ ಹತ್ತಿಸಿ, ಮೇಲೆ ಚಹಾಕ್ಕೆ ನಿಲ್ಲಿಸುತ್ತಾರೆ. ಗಾಳಿ ನಿಂತಿತು, ಫ್ಯಾನೂ ನಿಂತಿತು, ಕಾವೆಲ್ಲ ಮೇಲೆದ್ದು ಬಾನೆಟ್ಟಿಗೆ. ಓಡುವಾಗಿಗಿಂತ ನಿಂತಾಗಲೇ ಅಲ್ಲಿ ಬಿಸಿ ಜಾಸ್ತಿ. ಅಂಟು ಕರಗಿ ಮ್ಯಾಟು ಎಂಜಿನ್ನಿನ ಮೇಲೆ ಮಲಗಿದ್ದನ್ನು ನೋಡಿದ್ದೇನೆ. ಬಿಸಿ ತಡೆಯುವ ಅಂಟೇ ಬೇಕು. ಎರಡೂ ಕಡೆ ಬಳಿದು, ಬೆರಳಿಗೆ ಹತ್ತದಷ್ಟು ಆರಿದ ಮೇಲೆ ಕೂಡಿಸಬೇಕು. ಹಸಿ ಇರುವಾಗಲೇ ಒತ್ತಿದರೆ ಒಳಗಿನ ಥಿನ್ನರ್ ಆರದೆ ಗುಳ್ಳೆ ಕಟ್ಟುತ್ತದೆ. ಬಾಗಿಲಿನೊಳಗೆ ಹಾಕುವ ಡಾಂಬರ್ ಶೀಟನ್ನಂತೂ ಬಾನೆಟ್ಟಿಗೆ ತರಲೇಬೇಡಿ, ಬಿಸಿಗೆ ಮೆತ್ತಗಾಗಿ ಇಳಿಯುತ್ತದೆ. ಹಾಸಿಗೆ ಫೋಮ್ ಹಾಕಿಕೊಂಡು ಬಂದವರೂ ಇದ್ದಾರೆ. ಯಾವುದೇ ಶೀಟು ತಂದರೂ ನಾನು ಒಂದು ಚೂರನ್ನು ಹೊರಗೆ ಒಯ್ದು ಲೈಟರ್ ಹಿಡಿಯುತ್ತೇನೆ. ಬೆಂಕಿ ತೆಗೆದ ಮೇಲೂ ಉರಿಯುತ್ತಿದ್ದರೆ ವಾಪಸ್.

ಇನ್ನು ಗಾಜಿನ ನಾರಿನ ಹಳೆ ಮ್ಯಾಟ್ ತೆಗೆಯುವವರಿಗೆ: ಎಂಜಿನ್ ತಣ್ಣಗಿರಲಿ, ಅದರ ಮೇಲೆ ಹಳೆ ಚಾದರ ಹಾಸಿ, ಮಾಸ್ಕು, ಗ್ಲೌಸು, ತುಂಬು ತೋಳಿನ ಅಂಗಿ. ನಾನು ಬನಿಯನ್ನಿನಲ್ಲಿ ಒಮ್ಮೆ ಮಾಡಿ ಮೂರು ದಿನ ಕೆರೆದುಕೊಂಡಿದ್ದೇನೆ. ಕೈಗೆ ಹತ್ತಿದರೆ ಉಜ್ಜಬಾರದು, ಟೇಪು ಅಂಟಿಸಿ ಎಳೆದರೆ ನಾರು ಬರುತ್ತದೆ, ಆಮೇಲೆ ತಣ್ಣೀರು.

ಹೊಸದು ಹಾಕಿದ ಕೂಡಲೇ ಬಾನೆಟ್ ದಬ್ ಅಂತ ಮುಚ್ಚಬೇಡಿ. ಎಂಜಿನ್ನಿನ ಎತ್ತರದ ಜಾಗಗಳ ಮೇಲೆ ನಾನು ಚಪಾತಿ ಹಿಟ್ಟಿನ ಉಂಡೆ ಇಟ್ಟು, ಮೆಲ್ಲಗೆ ಮುಚ್ಚಿ ತೆರೆಯುತ್ತೇನೆ. ಉಂಡೆ ಎಷ್ಟು ಚಪ್ಪಟೆ ಆಯಿತು ಅಂತ ನೋಡಿದರೆ ಮ್ಯಾಟಿಗೂ ಎಂಜಿನ್ನಿಗೂ ಎಷ್ಟು ಅಂತರ ಉಳಿಯಿತು ಗೊತ್ತಾಗುತ್ತದೆ. ಹುಡುಗ ಇದನ್ನು ನೋಡಿ ನಗುತ್ತಾನೆ, ನಗಲಿ. ಇನ್ನೊಂದು, ವೈಪರ್ ನೀರಿನ ಸಣ್ಣ ಪೈಪು. ಹಲವು ಗಾಡಿಗಳಲ್ಲಿ ಅದು ಮ್ಯಾಟಿನ ಹಿಂದೆಯೇ ಹಾದುಹೋಗುತ್ತದೆ. ಕ್ಲಿಪ್ಪಿನ ಕೆಳಗೆ ಅದು ಸಿಕ್ಕಿಬಿದ್ದರೆ ಗಾಜಿಗೆ ನೀರು ಬರುವುದಿಲ್ಲ. ಘಟ್ಟದಲ್ಲಿ ಎದುರಿನ ಲಾರಿ ಕೆಸರು ಎರಚಿದಾಗಲೇ ಅದು ಗೊತ್ತಾಗುವುದು.

ಇಲಿ? ಇಲಿಗೆ ಮ್ಯಾಟು ಉತ್ತರವೇ ಅಲ್ಲ ಅಂತ ಈಗ ಅನ್ನಿಸುತ್ತದೆ. ಅದು ಕೆಳಗಿನಿಂದ ಹತ್ತಿ ಬರುತ್ತದೆ, ನಾನು ಮೇಲೆ ಸಂದು ಮುಚ್ಚುತ್ತಾ ಕೂತಿದ್ದೆ. ಮಾಸ್ತರು ತೆಂಗಿನಕಾಯಿ ರಾಶಿಯನ್ನು ಹಿತ್ತಲಿಗೆ ಸಾಗಿಸಿದರು. ಮಳೆಗಾಲದ ರಾತ್ರಿ ಶೆಡ್ಡಿನಲ್ಲಿ ಬಾನೆಟ್ ಎತ್ತಿ ಇಡುತ್ತಾರೆ. ಕತ್ತಲೂ ಇಲ್ಲ, ಬಿಸಿಯೂ ನಿಲ್ಲುವುದಿಲ್ಲ. ಆಮೇಲೆ ಗೂಡು ಕಂಡಿಲ್ಲ.

ಮಳೆ ಬಿಟ್ಟ ಮೇಲೆ ಅವರೇ ಕ್ಲಿಪ್ ಬಿಚ್ಚಿ ಮ್ಯಾಟ್ ತೆಗೆಯುತ್ತಾರೆ. ಅಂಗಳದಲ್ಲಿ ಕೊಬ್ಬರಿ ಹರಡಿದ ಚಾಪೆಯ ಪಕ್ಕ ಒಂದು ದಿನ ಒಣಗಿಸುತ್ತಾರೆ. ಅಂಚಿನ ತೂತಿಗೆ ಹಿಡಿಕಡ್ಡಿ ತೂರಿಸಿ ನೋಡುತ್ತಾರೆ. ಕಳೆದ ಸಲ ಫೋನ್ ಬಂತು: "ತಮ್ಮಾ, ತೆಗೆಯುವಾಗ ಎರಡು ಕ್ಲಿಪ್ ಮುರಿಯಿತು. ತೆಗೆದಿಡು, ಮೀನು ಪೇಟೆಗೆ ಬಂದಾಗ ಒಯ್ಯುತ್ತೇನೆ."

ನಾಲ್ಕು ತೆಗೆದಿಟ್ಟೆ.