ಮುಖ ಗೊತ್ತು, ಹೆಸರು ಬರ್ತಿಲ್ಲ

ನಿನ್ನೆ ರಾತ್ರಿ ನಿದ್ದೆ ಬಾರದೆ ಹಳೇ ಕಪ್ಪುಬಿಳುಪು ಸಿನಿಮಾ ಹಾಕಿಕೊಂಡು ಕೂತಿದ್ದೆ. ಹೀರೋ ಯಾಕೋ ಹಿಡಿಸಲಿಲ್ಲ. ಅವನ ಪಕ್ಕದಲ್ಲಿ ಗೊಣಗುತ್ತಾ ಓಡಾಡುವ ಬೊಚ್ಚುಬಾಯಿಯ ಮುದುಕ ಇದ್ದನಲ್ಲ, ಕಣ್ಣೆಲ್ಲ ಅವನ ಮೇಲೇ.

ಆ ಮುದುಕ ಹಾಲಿವುಡ್ ನಟ ವಾಲ್ಟರ್ ಬ್ರೆನನ್. ಎಕ್ಸ್‌ಟ್ರಾ ಆಗಿ ಶುರು ಮಾಡಿದವರು. ಒಂದು ಅಪಘಾತದಲ್ಲಿ ಹಲ್ಲು ಹೋದವು, ಸರಿ, ವಯಸ್ಸಿಗೆ ಮುಂಚೆಯೇ ಮುದುಕನ ಪಾತ್ರಗಳು ಹುಡುಕಿಕೊಂಡು ಬಂದವು. ಪಾತ್ರ ಒಪ್ಪಿಕೊಳ್ಳುವ ಮುಂಚೆ "ಹಲ್ಲು ಸೆಟ್ ಹಾಕ್ಕೊಂಡು ಮಾಡ್ಲಾ, ತೆಗೆದಿಟ್ಟು ಮಾಡ್ಲಾ?" ಅಂತ ನಿರ್ದೇಶಕರನ್ನು ಕೇಳುತ್ತಿದ್ದರಂತೆ. ಇದಕ್ಕಿಂತ ನೇರವಾಗಿ ಕಸುಬಿನ ಬಗ್ಗೆ ಮಾತಾಡೋಕಾಗುತ್ತಾ!

ಪೋಷಕ ನಟರಿಗೆ ಆಸ್ಕರ್ ಶುರುವಾಗಿದ್ದೇ 1936ರ ಸಿನಿಮಾಗಳಿಂದ. ಮೊದಲನೆಯದು ಇವರಿಗೆ, ಆಮೇಲೆ 1938 ಮತ್ತು 1940ರ ಸಿನಿಮಾಗಳಿಗೂ ಇವರಿಗೇ. ತಮಾಷೆ ಏನಂದರೆ ಮೊದಮೊದಲು ಪೋಷಕ ನಟರಿಗೆ ಆ ಪೂರ್ತಿ ಗೊಂಬೆ ಕೊಡುತ್ತಿರಲಿಲ್ಲ, ಬರೀ ಫಲಕ. ಪಾತ್ರ ಚಿಕ್ಕದು ಅಂತ ಬಹುಮಾನವೂ ಚಿಕ್ಕದು, ಅಲ್ವಾ?

ಟಿವಿ ಕಡೆ ಬಂದರೆ ಅಮೆರಿಕದ ನಟಿ ಮಾರ್ಗೋ ಮಾರ್ಟಿಂಡೇಲ್. ವರ್ಷಗಟ್ಟಲೆ ಯಾರದೋ ಅಮ್ಮ, ಯಾರದೋ ನರ್ಸ್, ಹೀಗೇ ಬಂದು ಹೋಗುತ್ತಿದ್ದ ಮುಖ. ಮೊದಲ ಎಮ್ಮಿ, ಅಂದರೆ ಅಲ್ಲಿನ ದೊಡ್ಡ ಟಿವಿ ಪ್ರಶಸ್ತಿ, ಸಿಕ್ಕಿದ್ದು 2011ರಲ್ಲಿ, ಆಗ ಅವರಿಗೆ 60.

ಈ ಪೋಷಕ ನಟರ ಕೆಲಸದಲ್ಲಿ ನನಗೆ ಜಾಸ್ತಿ ಇಷ್ಟ ಆಗೋದು ಆ ಎರಡೇ ನಿಮಿಷದ ಸೀನುಗಳು. ಉಳಿದವರೆಲ್ಲ ವಾರಗಟ್ಟಲೆ ಒಟ್ಟಿಗೆ ಇದ್ದು ಪಳಗಿರುತ್ತಾರೆ, ಇವರು ಒಂದು ದಿನದ ಮಟ್ಟಿಗೆ ಬಂದು, ಆ ಮನೆಯಲ್ಲೇ ಮೂವತ್ತು ವರ್ಷ ಇದ್ದವರ ಹಾಗೆ ಕನ್ನಡಕ ಒರೆಸುತ್ತಾ ಸುಮ್ನೆ ಮಾತಾಡಬೇಕು. ಮಾತಾಡುತ್ತಾರೆ ಕೂಡ.

ನಿನ್ನೆಯ ಸಿನಿಮಾದ ಕಥೆ ಆಗಲೇ ಮರೆತುಹೋಗಿದೆ. ಮುದುಕನ ಗೊಣಗಾಟ ಮಾತ್ರ ಇನ್ನೂ ಕಿವಿಯಲ್ಲಿದೆ.