ಅರ್ಧ ದಿನ, ಎರಡು ಸರೋವರ: ಬ್ಯಾನ್ಫ್ ಬಸ್ ಟೂರಿಗೆ ಹೊರಟವರಿಗೆ

ಎರಡು ಸರೋವರ ಅಂದರೆ ಕೆನಡಾದ ಬ್ಯಾನ್ಫ್ ನ್ಯಾಷನಲ್ ಪಾರ್ಕಿನ ಮೊರೇನ್ ಲೇಕ್ ಮತ್ತು ಲೇಕ್ ಲೂಯಿಸ್. ಮೊರೇನ್ ಲೇಕಿಗೆ ಬಾಡಿಗೆ ಕಾರಲ್ಲೇ ಹೋಗಿಬರೋಣ ಅಂತ ಪ್ಲಾನ್ ಮಾಡಿದ್ದರೆ ಅದನ್ನು ಈಗಲೇ ಕೈಬಿಡಿ. 2023ರಿಂದ ಆ ರಸ್ತೆಯಲ್ಲಿ ಖಾಸಗಿ ಕಾರು ಬಿಡುವುದಿಲ್ಲ. ಅಂಗವಿಕಲರ ಪಾರ್ಕಿಂಗ್ ಪರ್ಮಿಟ್ ಇರುವ ವಾಹನಕ್ಕೆ ವಿನಾಯಿತಿ ಇದೆ, ಬಸ್ಸಿಗೆ ಸೈಕಲ್ಲಿಗೆ ಅಡ್ಡಿ ಇಲ್ಲ. ನಮಗೆ ಇದು ಗೊತ್ತಾಗಿದ್ದು ಯಾವಾಗ ಅಂದರೆ, ಕ್ಯಾಲ್ಗರಿಯಲ್ಲಿ ನಾಲ್ಕು ದಿನಕ್ಕೆ ಕಾರು ಹಿಡಿದು, ದುಡ್ಡು ಕಟ್ಟಿ, ಬ್ಯಾನ್ಫ್‌ಗೆ ಬಂದು ಹೋಟೆಲಿನ ಕೌಂಟರಿನಲ್ಲಿ ದಾರಿ ವಿಚಾರಿಸಿದಾಗ. ಕೌಂಟರಿನ ಹುಡುಗಿ ನಕ್ಕ ರೀತಿ ನೋಡಿದರೆ ದಿನಕ್ಕೆ ಹತ್ತು ಜನ ಇದೇ ಪ್ರಶ್ನೆ ಕೇಳುತ್ತಾರೆ ಅನ್ನಿಸಿತು.

ಹೋಗಿದ್ದು ಮೂರು ಜನ. ನಾನು, ತಂಗಿ, ಅಮ್ಮ. ಅಮ್ಮನಿಗೆ ಅರವತ್ತೆಂಟು, ಬಲಗಾಲಿನ ಮಂಡಿ ಆಗಾಗ ತಕರಾರು ಮಾಡುತ್ತದೆ. ಜುಲೈ ಎರಡನೇ ವಾರ.

ಬಸ್ ಟೂರು ಅಲ್ಲದೆ ಇನ್ನೂ ಒಂದು ದಾರಿ ಇದೆ, ಅದನ್ನು ಮೊದಲು ಹೇಳಿಬಿಡುತ್ತೇನೆ. ಅಲ್ಲಿನ ನ್ಯಾಷನಲ್ ಪಾರ್ಕುಗಳನ್ನು ನೋಡಿಕೊಳ್ಳುವ ಪಾರ್ಕ್ಸ್ ಕೆನಡಾದವರ ಶಟಲ್ ಬಸ್. ಲೇಕ್ ಲೂಯಿಸ್ ಸ್ಕೀ ರೆಸಾರ್ಟಿನ ಪಾರ್ಕಿಂಗ್ ಜಾಗದಲ್ಲಿ ಕಾರು ನಿಲ್ಲಿಸಿ ಅಲ್ಲಿಂದ ಹತ್ತಬೇಕು. ಟೂರಿಗಿಂತ ತುಂಬಾ ಅಗ್ಗ. ಒಂದು ಸರೋವರದಿಂದ ಇನ್ನೊಂದಕ್ಕೆ ಹೋಗುವ ಬಸ್ಸೂ ಅದೇ ಟಿಕೆಟ್ಟಿನಲ್ಲಿ ಸೇರಿರುತ್ತದೆ, ಬೇಕಾದಷ್ಟು ಹೊತ್ತು ಕೂತಿದ್ದು ಬರಬಹುದು. ಕಷ್ಟ ಇರುವುದು ಸೀಟು ಸಿಗುವುದರಲ್ಲಿ. ಒಂದಷ್ಟು ಸೀಟು ವಸಂತದಲ್ಲೇ ಬಿಡುತ್ತಾರೆ, ಉಳಿದವು ನೀವು ಹೋಗುವ ದಿನಕ್ಕೆ ಎರಡು ದಿನ ಮುಂಚೆ ಅಲ್ಲಿನ ಸಮಯ ಬೆಳಿಗ್ಗೆ 8 ಗಂಟೆಗೆ ತೆರೆಯುತ್ತವೆ. ತಂಗಿ ಎಂಟಕ್ಕೆ ಸರಿಯಾಗಿ ಫೋನ್ ಹಿಡಿದು ಕೂತಳು. ನಮಗೆ ಬೇಕಾದ ಬೆಳಗಿನ ಸಮಯ ಸಿಗಲೇ ಇಲ್ಲ, ಸಿಕ್ಕಿದ್ದು ಸಂಜೆಯದ್ದು, ಆ ದಿನ ಸಂಜೆ ನಾವು ಜಾಸ್ಪರ್ ಕಡೆ ಹೊರಡಬೇಕಿತ್ತು.

ನನ್ನ ಲೆಕ್ಕ ಹೀಗೆ. ಕೈಯಲ್ಲಿ ಪೂರ್ತಿ ದಿನ ಇದ್ದು, ಕಾಲು ಗಟ್ಟಿ ಇದ್ದು, ಶಟಲ್ ಸೀಟು ಸಿಕ್ಕಿದರೆ ಟೂರಿಗೆ ದುಡ್ಡು ಸುರಿಯಬೇಡಿ. ಹಿರಿಯರು ಜೊತೆಗಿದ್ದರೆ, ಇರುವುದೇ ಅರ್ಧ ದಿನ ಆದರೆ, ಕಾರು ಪಾರ್ಕಿಂಗು ಬಸ್ಸು ಅಂತ ಹತ್ತಿ ಇಳಿಯುವ ರಗಳೆ ಬೇಡವಾದರೆ ಟೂರೇ ಸರಿ.

ಬುಕ್ ಮಾಡುವಾಗ ಮೂರು ವಿಷಯ ಕೇಳಿ. ಬಸ್ಸು ನಿಜವಾಗಿ ಮೊರೇನ್ ಲೇಕಿಗೆ ಹೋಗುತ್ತದಾ? ಕೆಲವು ಟೂರುಗಳ ಚಿತ್ರದಲ್ಲಿ ಮೊರೇನ್ ಇರುತ್ತದೆ, ಕೆಳಗೆ ಚಿಕ್ಕ ಅಕ್ಷರದಲ್ಲಿ 'ರಸ್ತೆ ತೆರೆದಿದ್ದರೆ' ಅಂತ ಇರುತ್ತದೆ. ಎರಡನೆಯದು, ಒಂದೊಂದು ಸರೋವರದ ಹತ್ತಿರ ಎಷ್ಟು ಹೊತ್ತು ಬಿಡುತ್ತಾರೆ? 'ಐದು ಗಂಟೆಯ ಟೂರು' ಅಂದರೆ ಐದು ಗಂಟೆ ಸರೋವರದ ದಂಡೆಯಲ್ಲಿ ಅಂತ ಅಲ್ಲವಲ್ಲ. ನಮಗೆ ಸಿಕ್ಕಿದ್ದು ಮೊರೇನ್‌ನಲ್ಲಿ ಒಂದು ಗಂಟೆ, ಲೂಯಿಸ್‌ನಲ್ಲಿ ಒಂದು ಗಂಟೆ ಹತ್ತು ನಿಮಿಷ, ಉಳಿದದ್ದೆಲ್ಲ ಬಸ್ಸಲ್ಲೇ. ಮೂರನೆಯದು, ನ್ಯಾಷನಲ್ ಪಾರ್ಕಿನ ಪಾಸು ಟಿಕೆಟ್ಟಿನಲ್ಲಿ ಸೇರಿದೆಯಾ ಅನ್ನುವುದು. ಹದಿನೇಳು ವರ್ಷ ಮತ್ತು ಅದಕ್ಕಿಂತ ಚಿಕ್ಕವರಿಗೆ ಪಾರ್ಕ್ ಪ್ರವೇಶ ಉಚಿತ, ಆದರೆ ಟೂರಿನವರು ಮಕ್ಕಳ ಸೀಟಿಗೆ ದುಡ್ಡು ತಗೊಳ್ಳುತ್ತಾರೆ, ಎರಡೂ ಬೇರೆ ಬೇರೆ.

ಇನ್ನು ನಾವು ಮಾಡಿದ ಪೆದ್ದುತನ. ಟಿಕೆಟ್ಟಿನಲ್ಲಿ ಹತ್ತುವ ಜಾಗ ಅಂತ ನಮ್ಮ ಹೋಟೆಲಿನ ಹೆಸರೇ ಇತ್ತು. ನಾವು ಹೋಟೆಲಿನ ಬಾಗಿಲ ಮುಂದೆ ಆರಾಮಾಗಿ ನಿಂತಿದ್ದೆವು. ಬಸ್ಸು ನಿಂತಿದ್ದು ರಸ್ತೆಯ ಆಚೆ ಕಡೆ, ಅರವತ್ತು ಎಪ್ಪತ್ತು ಮೀಟರ್ ಮುಂದೆ. ಹೊರಡಲು ನಾಲ್ಕು ನಿಮಿಷ ಇದ್ದಾಗ ತಂಗಿಗೆ ಅನುಮಾನ ಬಂದು ಫೋನ್ ಮಾಡಿದಳು. ಆಮೇಲೆ ಓಟ, ಅಮ್ಮನನ್ನೂ ಓಡಿಸಿದ್ದಾಯಿತು. ಮಂಡಿ ನೋವಿನ ಹೆಂಗಸನ್ನು ಬೆಟ್ಟ ಹತ್ತಿಸಬಾರದು ಅಂತ ಟೂರು ತಗೊಂಡು, ಬಸ್ಸು ಹತ್ತುವ ಮೊದಲೇ ಓಡಿಸಿದೆವಲ್ಲ ಅಂತ ಆಮೇಲೆ ನಕ್ಕೆವು. ಆಗ ನಗು ಬಂದಿರಲಿಲ್ಲ. ಹಿಂದಿನ ದಿನ ಸಂಜೆಯೇ ಹೋಗಿ ಆ ಜಾಗ ಕಣ್ಣಾರೆ ನೋಡಿಕೊಂಡು ಬನ್ನಿ, ಐದು ನಿಮಿಷದ ಕೆಲಸ.

ಬಸ್ಸಿನಲ್ಲಿ ಹೋಗುವಾಗ ಬಲಗಡೆ ಕೂತರೆ ಕ್ಯಾಸಲ್ ಮೌಂಟನ್ ಚೆನ್ನಾಗಿ ಕಾಣುತ್ತದೆ. ಹೆಸರಿಗೆ ತಕ್ಕ ಹಾಗೆ ಕೋಟೆ ಥರವೇ ಇದೆ. ಬ್ಯಾನ್ಫ್‌ನಿಂದ ಲೇಕ್ ಲೂಯಿಸ್ ಊರಿಗೆ ಹತ್ತಿರ ಹತ್ತಿರ 60 ಕಿಲೋಮೀಟರ್, ಹೆದ್ದಾರಿ, ಮುಕ್ಕಾಲು ಗಂಟೆಯ ದಾರಿ. ಮಧ್ಯೆ ಮಧ್ಯೆ ರಸ್ತೆಯ ಮೇಲೆ ಸೇತುವೆ ಬರುತ್ತವೆ, ಸೇತುವೆಯ ಮೇಲೆ ಕಾಡು ಬೆಳೆದಿರುತ್ತದೆ. ಅದು ಕರಡಿ, ತೋಳ, ಎಲ್ಕ್ ಜಿಂಕೆಗಳು ಹೆದ್ದಾರಿ ದಾಟಲು ಮಾಡಿದ್ದು. ಸೇತುವೆ ಆರು, ರಸ್ತೆಯಡಿಯ ಸುರಂಗ 38, ಎರಡು ಬದಿಗೂ ಉದ್ದಕ್ಕೆ ಬೇಲಿ. ಗೈಡ್ ಹೇಳದೆ ಇದ್ದಿದ್ದರೆ ನಾನು ಸುಮ್ನೆ ಯಾವುದೋ ಸೇತುವೆ ಅಂತ ದಾಟಿಬಿಡುತ್ತಿದ್ದೆ. ಇಲ್ಲಿ ಗೈಡಿಗೆ ಕೊಟ್ಟ ದುಡ್ಡು ಉಪಯೋಗಕ್ಕೆ ಬಂತು ಅನ್ನಿಸಿತು. ಕರಡಿ ಮಾತ್ರ ಒಂದೂ ಕಾಣಲಿಲ್ಲ.

ಮೊರೇನ್ ಲೇಕ್ ಮೊದಲು. ಇಳಿದ ತಕ್ಷಣ ಎಲ್ಲರೂ ದಂಡೆಗೆ ಓಡಿ ಅಲ್ಲೇ ಫೋಟೋ ತೆಗೆಯಲು ನಿಲ್ಲುತ್ತಾರೆ, ಆಮೇಲೆ ವಾಶ್‌ರೂಂ ಸಾಲು, ಅಷ್ಟರಲ್ಲಿ ಇಪ್ಪತ್ತೈದು ನಿಮಿಷ ಹೋಗಿರುತ್ತದೆ. ನೀವು ಹಾಗೆ ಮಾಡಬೇಡಿ. ನೇರ ರಾಕ್‌ಪೈಲ್ ಹತ್ತಿ. ಸರೋವರದ ತುದಿಯಲ್ಲಿ ಬಂಡೆಗಳ ದೊಡ್ಡ ರಾಶಿ ಇದೆ, ಅದಕ್ಕೆ ಹಿಂದಿನಿಂದ ಮೆಟ್ಟಿಲು ಮಾಡಿದ್ದಾರೆ. ಅರ್ಧ ಕಿಲೋಮೀಟರೂ ಇಲ್ಲ, ನಿಧಾನವಾಗಿ ಹೋದರೂ ಹದಿನೈದು ನಿಮಿಷ. ಪೋಸ್ಟರುಗಳಲ್ಲಿ ನೋಡಿರುತ್ತೀರಲ್ಲ, ಮುಂದೆ ನೀಲಿ ನೀರು ಹಿಂದೆ ಸಾಲು ಶಿಖರ, ಆ ನೋಟ ಇರುವುದು ಈ ರಾಶಿಯ ಮೇಲಿನಿಂದ. ಕೆನಡಾದ ಹಳೆಯ 20 ಡಾಲರ್ ನೋಟಿನ ಹಿಂಬದಿಯಲ್ಲಿ, 1969ರ ಮತ್ತು 1979ರ ಸರಣಿಯಲ್ಲಿ, ಇದೇ ಚಿತ್ರ ಇತ್ತು.

"ನೀವು ಹತ್ತಿ, ನಾನು ಇಲ್ಲೇ ಕೂತಿರ್ತೀನಿ" ಅಂದಳು ಅಮ್ಮ. ಅರ್ಧ ಮೆಟ್ಟಿಲು ಹತ್ತಿ ಹಿಂದೆ ತಿರುಗಿ ನೋಡಿದರೆ ಕಂಬಿ ಹಿಡಿದುಕೊಂಡು ನಿಧಾನಕ್ಕೆ ಬರುತ್ತಿದ್ದಾಳೆ. ಮೇಲೆ ಬಂದವಳು ಐದು ನಿಮಿಷ ಮಾತೇ ಆಡಲಿಲ್ಲ. ಆಮೇಲೆ, "ಬಿಳಿ ಬಟ್ಟೆಗೆ ನೀಲಿ ಕಲೆಸಿದ ಬಕೆಟ್ಟಿನ ಹಾಗಿದೆಯಲ್ಲೋ" ಅಂದಳು. ಇದಕ್ಕಿಂತ ಚೆನ್ನಾಗಿ ಆ ಬಣ್ಣ ಹೇಳಲು ನನಗೆ ಆಗುವುದಿಲ್ಲ. ನಿಜಕ್ಕೂ ಏನೋ ಕಲೆಸಿದ್ದೇ ಅದು. ಹಿಮನದಿ ಕಲ್ಲಿನ ಮೇಲೆ ಉಜ್ಜಿಕೊಂಡು ಜಾರುವಾಗ ಕಲ್ಲು ಹಿಟ್ಟಿನಷ್ಟು ನುಣ್ಣಗೆ ಪುಡಿಯಾಗುತ್ತದೆ. ಕರಗಿದ ನೀರಿನ ಜೊತೆ ಆ ಪುಡಿ ಸರೋವರಕ್ಕೆ ಬಂದು ತಳಕ್ಕೆ ಇಳಿಯದೆ ತೇಲುತ್ತಿರುತ್ತದೆ, ಬಿಸಿಲು ಬಿದ್ದಾಗ ನೀಲಿ ಹಸಿರು ಬೆಳಕನ್ನು ಚದುರಿಸುತ್ತದೆ. ಅದಕ್ಕೇ ಜೂನ್ ಮೊದಲಲ್ಲಿ ಹೋದವರಿಗೆ ಈ ಬಣ್ಣ ಅಷ್ಟಾಗಿ ಸಿಗುವುದಿಲ್ಲ, ಹಿಮ ಇನ್ನೂ ಸರಿಯಾಗಿ ಕರಗಿರುವುದಿಲ್ಲ.

ಬಿಸಿಲಿನ ವಿಷಯ ಬಂತಲ್ಲ, ಅದನ್ನೂ ಹೇಳುತ್ತೇನೆ. ನಾವು ತಗೊಂಡಿದ್ದು ಬೆಳಿಗ್ಗೆ 7 ಗಂಟೆಯ ಬಸ್ಸು. ಎಂಟೂಕಾಲಿಗೆ ಅಲ್ಲಿದ್ದೆವು, ನೀರಿನ ಅರ್ಧ ಭಾಗ ಬೆಟ್ಟದ ನೆರಳಲ್ಲಿತ್ತು. ನಾವು ಹೊರಡುವ ಹೊತ್ತಿಗೆ ಬಣ್ಣ ಏರುತ್ತಾ ಇತ್ತು. ಜನ ಕಡಿಮೆ ಇರಲಿ ಅಂದರೆ ಮೊದಲ ಬಸ್ಸು, ಬಣ್ಣ ಮುಖ್ಯ ಅಂದರೆ ಸ್ವಲ್ಪ ತಡವಾಗಿ ಹೊರಡುವ ಬಸ್ಸು. ಎರಡೂ ಬೇಕು ಅಂದರೆ ಆಗುವುದಿಲ್ಲ.

ಎದುರಿನ ಸಾಲಿಗೆ ಹತ್ತು ಶಿಖರಗಳ ಕಣಿವೆ ಅಂತ ಹೆಸರು. 1894ರಲ್ಲಿ ಸ್ಯಾಮ್ಯುಯೆಲ್ ಅಲೆನ್ ಅನ್ನುವ ಪರ್ವತಾರೋಹಿ ಆ ಹತ್ತಕ್ಕೂ ಅಲ್ಲಿನ ಮೂಲನಿವಾಸಿಗಳಾದ ಸ್ಟೋನಿ ಜನರ ಭಾಷೆಯ ಒಂದು, ಎರಡು, ಮೂರು ಅನ್ನುವ ಸಂಖ್ಯೆಗಳನ್ನೇ ಹೆಸರಾಗಿ ಇಟ್ಟಿದ್ದ. ಈಗ ಹಾಗೆ ಉಳಿದಿರುವುದು ಮೂರೇ: ಟಾನ್ಸಾ ಅಂದರೆ ನಾಲ್ಕು, ನೆಪ್ಟುಆಕ್ ಒಂಬತ್ತು, ವೆಂಕ್‌ಚೆಮ್ನಾ ಹತ್ತು. ಮೊರೇನ್ ಅನ್ನುವ ಹೆಸರಿನದ್ದು ಇನ್ನೊಂದು ತಮಾಷೆ. 1899ರಲ್ಲಿ ವಾಲ್ಟರ್ ವಿಲ್ಕಾಕ್ಸ್ ಈ ಕಲ್ಲಿನ ರಾಶಿ ಹಿಮನದಿ ತಂದು ಸುರಿದದ್ದು ಅಂದುಕೊಂಡು ಆ ಹೆಸರಿಟ್ಟ, ಮೊರೇನ್ ಅಂದರೆ ಅದೇ. ಈಗಿನವರು ಹೇಳುವುದು, ಇದು ಪಕ್ಕದ ಬೆಟ್ಟ ಕುಸಿದು ಬಿದ್ದ ಕಲ್ಲಿರಬೇಕು ಅಂತ.

ಬಂಡೆಗಳ ಮಧ್ಯೆ ಓಡಾಡುವ ಅಳಿಲುಗಳು ಕಾಲ ಬಳಿಗೇ ಬಂದು ನಿಲ್ಲುತ್ತವೆ. ಏನೂ ಹಾಕಬೇಡಿ, ಪಾರ್ಕಿನಲ್ಲಿ ಪ್ರಾಣಿಗಳಿಗೆ ತಿನ್ನಿಸುವುದು ಕಾನೂನಿಗೆ ವಿರುದ್ಧ, ದಂಡ ಬೀಳುತ್ತದೆ. ಡ್ರೋನ್ ಕೂಡ ನಿಷೇಧ. ಮೊರೇನ್‌ನಲ್ಲಿ ಮೊಬೈಲ್ ಸಿಗ್ನಲ್ ಇಲ್ಲ. ಹಾಗಾಗಿ ಬೇರೆ ಬೇರೆ ಕಡೆ ಹೋಗುವವರು ಎಷ್ಟು ಗಂಟೆಗೆ ಎಲ್ಲಿ ಸೇರುವುದು ಅಂತ ಬಸ್ಸಿನಿಂದ ಇಳಿಯುವಾಗಲೇ ಮಾತಾಡಿಕೊಳ್ಳಿ. ನಮ್ಮ ಬಸ್ಸಿನ ಒಂದು ಜೋಡಿ ಹನ್ನೆರಡು ನಿಮಿಷ ತಡವಾಗಿ ಬಂತು. ಗೈಡ್ ಕಾದ, ಆದರೆ ಆ ಹನ್ನೆರಡು ನಿಮಿಷ ಲೂಯಿಸ್‌ನ ನಮ್ಮ ಸಮಯದಿಂದ ಹೋಯಿತು. ಎಲ್ಲ ಗೈಡುಗಳೂ ಕಾಯುತ್ತಾರೆ ಅಂತ ನಂಬಿಕೊಳ್ಳಬೇಡಿ.

ಚಳಿ! ಬ್ಯಾನ್ಫ್ ಊರು ಸುಮಾರು 1,400 ಮೀಟರ್ ಎತ್ತರದಲ್ಲಿದೆ, ಮೊರೇನ್ ಲೇಕ್ ಹತ್ತಿರ ಹತ್ತಿರ 1,900 ಮೀಟರ್. ಊರಲ್ಲಿ ಟೀ ಶರ್ಟು ಸಾಕು ಅನ್ನಿಸಿದರೂ ಮೇಲೆ ಜುಲೈಯಲ್ಲೇ ನನ್ನ ಕೈ ಮರಗಟ್ಟಿತ್ತು. ಗಾಳಿ ತಡೆಯುವ ಜಾಕೆಟ್ ಒಂದು ಇರಲಿ. ಚಪ್ಪಲಿ ಬೇಡ, ಹಿಡಿತ ಇರುವ ಶೂ ಹಾಕಿ.

ಲೇಕ್ ಲೂಯಿಸ್ ಬೇರೆಯೇ ಥರ. ದೊಡ್ಡದು, ಸಮತಟ್ಟು ದಂಡೆ, ಎದುರಿಗೆ ಶ್ಯಾಟೋ ಅನ್ನುವ ಭಾರಿ ಹೋಟೆಲು, ಜನವೋ ಜನ. ವೀಲ್‌ಚೇರ್ ಹೋಗುವಂಥ ದಾರಿ, ಅಮ್ಮನಿಗೆ ಇದೇ ಜಾಸ್ತಿ ಹಿಡಿಸಿತು. ನೀರಿನ ಆಚೆ ತುದಿಯಲ್ಲಿ ಹಿಮ ಹೊದ್ದ ಮೌಂಟ್ ವಿಕ್ಟೋರಿಯಾ. ರಾಣಿ ವಿಕ್ಟೋರಿಯಾಳ ನಾಲ್ಕನೇ ಮಗಳು ಲೂಯಿಸ್ ಕ್ಯಾರೊಲಿನ್ ಆಲ್ಬರ್ಟಾ, ಸರೋವರಕ್ಕೂ ಇಡೀ ಆಲ್ಬರ್ಟಾ ಪ್ರಾಂತ್ಯಕ್ಕೂ ಅವಳದೇ ಹೆಸರು, ಬೆಟ್ಟಕ್ಕೆ ಅವಳ ಅಮ್ಮನ ಹೆಸರು. ಅದಕ್ಕೂ ಮುಂಚೆ ಸ್ಟೋನಿ ನಕೋಡಾ ಜನ ಇದನ್ನು ಚಿಕ್ಕ ಮೀನುಗಳ ಕೆರೆ ಅನ್ನುತ್ತಿದ್ದರು. ನನಗೇನೋ ಆ ಹೆಸರೇ ಇಷ್ಟ.

ಇಲ್ಲಿ ಒಂದು ಗಂಟೆಯಲ್ಲಿ ಏನು ಮಾಡಬಹುದು? ದಂಡೆಯ ದಾರಿ ಆಚೆ ತುದಿಗೆ ಸುಮಾರು 2 ಕಿಲೋಮೀಟರ್. ಪೂರ್ತಿ ಹೋಗಿಬರಲು ಒಂದು ಗಂಟೆ ಬೇಕು, ಅಷ್ಟು ಹೋಗಬೇಡಿ, ಇಪ್ಪತ್ತು ನಿಮಿಷ ನಡೆದು ವಾಪಸ್ ಬನ್ನಿ. ಹೋಟೆಲಿನಿಂದ ದೂರ ಹೋದಷ್ಟೂ ಜನ ಕಡಿಮೆಯಾಗುತ್ತಾರೆ. ಲೇಕ್ ಆಗ್ನೆಸ್ ಟೀ ಹೌಸ್ ಬಗ್ಗೆ ಕೇಳಿರುತ್ತೀರಿ. ಒಂದು ಕಡೆಗೇ ಮೂರೂವರೆ ಕಿಲೋಮೀಟರ್, ಅದೂ ಏರು. ಅರ್ಧ ದಿನದ ಟೂರಿನಲ್ಲಿ ಅದನ್ನು ಕನಸಲ್ಲೂ ನೆನೆಯಬೇಡಿ. ಕೆಂಪು ದೋಣಿಗಳು ಫೋಟೋದಲ್ಲಿ ಚೆನ್ನಾಗಿ ಕಾಣುತ್ತವೆ, ಬಾಡಿಗೆ ಒಂದು ದೋಣಿಗೆ ನೂರು ಡಾಲರ್ ದಾಟುತ್ತದೆ, ಮೇಲೆ ಸಾಲು ಬೇರೆ. ತಂಗಿ ಬೆಲೆ ಪಟ್ಟಿ ನೋಡಿ, ದೋಣಿಯ ಮುಂದೆ ನಿಂತು ಫೋಟೋ ತೆಗೆಸಿಕೊಂಡು ಬಂದಳು.

ಯಾವಾಗ ಹೋಗುವುದು? ಮೊರೇನ್ ರಸ್ತೆ ಜೂನ್‌ನಿಂದ ಅಕ್ಟೋಬರ್ ಮಧ್ಯದವರೆಗೆ ಮಾತ್ರ ತೆರೆದಿರುತ್ತದೆ, ಉಳಿದ ತಿಂಗಳು ಹಿಮ. ಬಣ್ಣಕ್ಕೆ ಜುಲೈ, ಆಗಸ್ಟ್. ಸೆಪ್ಟೆಂಬರ್ ಕೊನೆಗೆ ಲಾರ್ಚ್ ಮರಗಳು ಪೂರ್ತಿ ಹಳದಿಯಾಗುತ್ತವೆ, ಆಗ ಸೀಟಿಗೆ ಜುಲೈಗಿಂತ ಜಾಸ್ತಿ ಗಲಾಟೆ ಅಂತ ಗೈಡ್ ಹೇಳಿದ. ಅವನಿಗೆ ಇಳಿಯುವಾಗ ಟಿಪ್ಸ್ ಕೊಡುವುದು ಅಲ್ಲಿ ರೂಢಿ, ಸ್ವಲ್ಪ ಚಿಲ್ಲರೆ ನೋಟು ಜೇಬಲ್ಲಿರಲಿ. ನನ್ನ ಹತ್ತಿರ ಕಾರ್ಡು ಬಿಟ್ಟರೆ ಏನೂ ಇರಲಿಲ್ಲ, ಅಮ್ಮನ ಪರ್ಸಿನಿಂದ ಹತ್ತು ಡಾಲರ್ ಹೊರಗೆ ಬಂತು.

ವಾಪಸ್ ಬರುವಾಗ ಬಸ್ಸಲ್ಲಿ ಮುಕ್ಕಾಲು ಜನ ನಿದ್ದೆ. ಹನ್ನೆರಡೂವರೆಗೆ ಬ್ಯಾನ್ಫ್ ತಲುಪಿದೆವು. ಈ ಸಲ ಬಸ್ಸು ಸರಿಯಾಗಿ ಹೋಟೆಲಿನ ಬಾಗಿಲ ಮುಂದೆಯೇ ನಿಂತಿತು.